ಮದುವಿ ಆದ್ರ ರಾಜೀನಾಮೆ ಕೊಡ್ತೀನಿ ಅಂತ ಬರ್ಕೊಟ್ಟ ಮುತ್ತಮ್ಮ, ಮತ್ತ ನಂದೊಂದು ಹಾಳಿ

ಮೊನ್ನೆ ಸಂಜಿ ಕ್ಲಾಸಿನಾಗ ಒಂದು ಪ್ರಶ್ನೆಗೆ ಅರ್ಧ ತಾಸು ಜಗಳ ನಡೀತು. ಗೊತ್ತಿದ್ದವ್ರಿಗೆ ಗೊತ್ತು, ನಾನು ಗಂಗಾವತಿಯೊಳಗ ಒಂದು ಕಿರಾಣಿ ಅಂಗಡಿ ಮಾಳಿಗಿ ಮ್ಯಾಲ ಪಿಡಿಒ, ಎಫ್‌ಡಿಎ, ಕೆಎಎಸ್ ಅಂತ ಓದೋ ಹುಡುಗ್ರಿಗೆ ಜಿಕೆ ಹೇಳ್ತೀನಿ, ಕೆಳಗ ಮೆಣಸಿನಕಾಯಿ ಚೀಲ ಇಳಿಸಿದ ದಿವ್ಸ ಮ್ಯಾಲ ಎಲ್ರೂ ಸೀನ್ಕೋತ ಪಾಠ ಕೇಳ್ತಾರ. ಪ್ರಶ್ನೆ ಏನಂದ್ರ, ಭಾರತದ ಮೊದಲ ಮಹಿಳಾ ರಾಯಭಾರಿ ಯಾರು? ಆಪ್ಷನ್ ಒಳಗ ವಿಜಯಲಕ್ಷ್ಮಿ ಪಂಡಿತ್ ಹೆಸರೂ ಐತಿ, ಸಿ.ಬಿ. ಮುತ್ತಮ್ಮ ಹೆಸರೂ ಐತಿ. ಒಂದು ಗೈಡಿನಾಗ ಉತ್ತರ ಎ, ಇನ್ನೊಂದು ಗೈಡಿನಾಗ ಬಿ. ಹಿಂದಿನ ಬೆಂಚಿನ ಹುಡುಗ "ಮೇಡಂ, ಎರಡೂ ಗೈಡಿಗೆ ರೊಕ್ಕ ಕೊಟ್ಟೀನ್ರಿ, ಯಾವ್ದು ಖರೇ?" ಅಂತ ಎದ್ದು ನಿಂತ.

ಎರಡೂ ಅರ್ಧ ಖರೇನ. ವಿಜಯಲಕ್ಷ್ಮಿ ಪಂಡಿತ್ 1947ರಾಗ ಮಾಸ್ಕೋಕ್ಕ ರಾಯಭಾರಿಯಾಗಿ ಹೋದ್ರು, 1949ಕ್ಕ ವಾಷಿಂಗ್ಟನ್‌ಗೆ. ಆದ್ರ ಅವ್ರು ಪರೀಕ್ಷೆ ಬರ್ದು ಹೋದವ್ರಲ್ಲ, ಸ್ವಾತಂತ್ರ್ಯ ಚಳವಳಿಯಿಂದ ಬಂದವ್ರು, ನೆಹರೂ ತಂಗಿ, ಸರ್ಕಾರ ನೇರವಾಗಿ ನೇಮಿಸಿದ್ದು. ಪರೀಕ್ಷೆ ಬರ್ದು, ಇಂಟರ್ವ್ಯೂ ಕೊಟ್ಟು, ಕೆಳಗಿನ ಮೆಟ್ಟಲದಿಂದ ಒಂದೊಂದ ಹತ್ತಿ ರಾಯಭಾರಿ ಆದ ಮೊದಲ ಹೆಣ್ಮಗಳು ನಮ್ಮ ಕೊಡಗಿನ ಮುತ್ತಮ್ಮ, 1970ರಾಗ ಹಂಗೇರಿಗೆ. ಇಷ್ಟು ಹೇಳಿ ಮುಂದಿನ ಪ್ರಶ್ನೆಗೆ ಹೋಗೋದಿತ್ತು. ಹೋಗ್ಲಿಕ್ಕೆ ಆಗ್ಲಿಲ್ಲ, ಯಾಕಂದ್ರ ಆ ಹೆಸರು ಬಂದಾಗೆಲ್ಲ ನನಗ ಒಂದು ಹಾಳಿ ನೆನಪಾಗ್ತದ. ಅದನ್ನ ಕ್ಲಾಸಿನಾಗ ಹೇಳಿಲ್ಲ, ಇಲ್ಲಿ ಬರೀತೀನಿ.

ಮೊದ್ಲು ಅವ್ರ ಕಥಿ. ಪೂರ್ತಿ ಹೆಸರು ಚೋನಿರ ಬೆಳ್ಳಿಯಪ್ಪ ಮುತ್ತಮ್ಮ, ಹುಟ್ಟಿದ್ದು 1924ರ ಜನವರಿ 24, ವಿರಾಜಪೇಟೆ. ಅಪ್ಪ ಫಾರೆಸ್ಟ್ ಆಫೀಸರ್, ಮುತ್ತಮ್ಮಗ ಒಂಬತ್ತು ವರ್ಷ ಇದ್ದಾಗ ತೀರ್ಕೊಂಡ್ರು. ನಾಲ್ಕು ಮಕ್ಕಳನ್ನ ಓದಿಸಿದ್ದು ಅವ್ವ ಒಬ್ರೇ. ಇದನ್ನ ಒಂದು ಸಾಲಿನಾಗ ಬರ್ದು ಮುಂದ ಹೋಗೋದು ಭಾಳ ಸುಲಭ, ಖರೇ ಅಂದ್ರ 1940ರ ದಶಕದಾಗ ಗಂಡ ಇಲ್ಲದ ಹೆಂಗಸು ಹೆಣ್ಮಗಳನ್ನ ಮದ್ರಾಸಿಗೆ ಕಳಿಸಿ ಎಂ.ಎ. ತನಕ ಓದಿಸ್ಬೇಕಂದ್ರ ಊರ ಮಂದಿ ಏನೇನ್ ಅಂದಿರ್ಬೇಕು ನೀವ ವಿಚಾರ ಮಾಡ್ರಿ. ನಮ್ಮವ್ವ ನನ್ನ ಧಾರವಾಡಕ್ಕ ಕೋಚಿಂಗಿಗೆ ಕಳಿಸಿದಾಗನ ಓಣಿಯೊಳಗ ನಾಲ್ಕು ದಿನ ಅದ ಮಾತಿತ್ತು, ಅದೂ ಮೊಬೈಲು ವಾಟ್ಸಾಪು ಇರೋ ಕಾಲದಾಗ. ಮುತ್ತಮ್ಮ ಮಡಿಕೇರಿಯೊಳಗ ಶಾಲಿ ಮುಗಿಸಿ, ಮದ್ರಾಸಿನ ವಿಮೆನ್ಸ್ ಕ್ರಿಶ್ಚಿಯನ್ ಕಾಲೇಜಿನಾಗ ಡಿಗ್ರಿ ಮಾಡಿ, ಪ್ರೆಸಿಡೆನ್ಸಿ ಕಾಲೇಜಿನಾಗ ಇಂಗ್ಲಿಷ್ ಸಾಹಿತ್ಯದ ಎಂ.ಎ. ಮಾಡಿದ್ರು. 1948ರಾಗ ಸಿವಿಲ್ ಸರ್ವಿಸ್ ಪರೀಕ್ಷೆ ಪಾಸಾದ್ರು, 1949ಕ್ಕ ಫಾರಿನ್ ಸರ್ವಿಸ್ (ಹೊರದೇಶದಾಗ ಭಾರತದ ಪರವಾಗಿ ಕೆಲಸ ಮಾಡೋ ಸೇವೆ) ಸೇರಿದ್ರು. ಹಂಗ ಸೇರಿದ ಮೊದಲ ಹೆಣ್ಮಗಳು.

ಸೇರಿದ್ರು ಅಂತ ಬರ್ದೆ, ಆದ್ರ ಸೇರೋ ಮುಂಚೆ ಏನಾತು ಅನ್ನೋದು ಅವ್ರು ಮುಂದ ಕೋರ್ಟಿಗೆ ಕೊಟ್ಟ ಅರ್ಜಿಯೊಳಗನ ಐತಿ. ಇಂಟರ್ವ್ಯೂ ಒಳಗ, ನಿಮಗ ಫಾರಿನ್ ಸರ್ವಿಸ್ ಬ್ಯಾಡ, ಬ್ಯಾರೆ ಏನರ ತಗೋರಿ ಅಂತ ಮನಸ್ಸು ತಿರುಗಿಸ್ಲಿಕ್ಕೆ ನೋಡಿದ್ರಂತ. ಇವ್ರು ಇಲ್ಲ, ನನಗ ಅದ ಬೇಕು ಅಂದ್ರು. ಆಮೇಲೆ ಒಂದು ಬರವಣಿಗಿ ಕೇಳಿದ್ರು: ನಾನು ಮದುವಿಯಾದ್ರ ಕೆಲಸಕ್ಕ ರಾಜೀನಾಮೆ ಕೊಡ್ತೀನಿ ಅಂತ. ಬರ್ಕೊಟ್ರು. ಬರ್ಕೊಡ್ದ ಏನ್ ಮಾಡ್ತಿದ್ರು ಹೇಳ್ರಿ, ದೇಶದ ಕಷ್ಟದ ಪರೀಕ್ಷೆ ಪಾಸಾಗಿ ಬಾಗಿಲಿಗೆ ಬಂದು ನಿಂತಾರ, ಬಾಗಿಲ್ದಾಗ ಒಬ್ಬ ಒಂದು ಹಾಳಿ ಹಿಡ್ಕೊಂಡು ನಿಂತಾನ, ಸೈ ಮಾಡಿದ್ರ ಒಳಗ, ಇಲ್ಲಾಂದ್ರ ಹೊಳ್ಳಿ ವಿರಾಜಪೇಟಿ.

ಇನ್ನ ನನ್ನ ಹಾಳಿ. ಆರು ವರ್ಷದ ಹಿಂದ, ಯುಪಿಎಸ್‌ಸಿ ಕನಸು ಎರಡು ಸಲ ಪ್ರಿಲಿಮ್ಸ್‌ದಾಗ ಬಿದ್ದ ಮ್ಯಾಲ, ಬಳ್ಳಾರಿ ಕಡೆ ಒಂದು ಖಾಸಗಿ ಕಾಲೇಜಿನಾಗ ಪೊಲಿಟಿಕಲ್ ಸೈನ್ಸ್ ಲೆಕ್ಚರರ್ ಪೋಸ್ಟಿಗೆ ಹೋಗಿದ್ದೆ. ಹೆಸರು ಬರೆಯಂಗಿಲ್ಲ, ಅಲ್ಲಿ ಓದಿಸೋ ನನ್ನ ಗೆಳತ್ಯಾರು ಇನ್ನೂ ಅದಾರ. ಡೆಮೊ ಕ್ಲಾಸ್ ಕೊಟ್ಟೆ, ಮೂಲಭೂತ ಹಕ್ಕುಗಳು, 14ನೇ ವಿಧಿಯಿಂದ 18ರ ತನಕ ಸಮಾನತೆ, ಬೋರ್ಡ್ ಮ್ಯಾಲ ಚಂದ ಅಕ್ಷರದಾಗ ಬರ್ದೆ, ಎಲ್ರೂ ತಲಿ ಆಡ್ಸಿದ್ರು. ಆಮೇಲೆ ಆಫೀಸಿಗೆ ಕರ್ಕೊಂಡು ಹೋಗಿ ಚಹಾ ಕೊಟ್ಟು, ಅಲ್ಲಿ ಕುಂತಿದ್ದ ಹಿರಿಯರು ಕೇಳಿದ್ರು, "ಮದುವಿ ಯಾವಾಗ ನಿಮ್ದು?"

"ನೋಡಾಕತ್ತಾರ್ರಿ ಮನ್ಯಾಗ" ಅಂದೆ.

"ಅದ ಪ್ರಾಬ್ಲಂ ನೋಡ್ರಿ. ಹೋದ ವರ್ಷ ಒಬ್ಬಾಕಿ ನವೆಂಬರ್‌ದಾಗ ಮದುವಿ ಮಾಡ್ಕೊಂಡು ಹೋದ್ಲು, ಪೋರ್ಷನ್ ಅರ್ಧ ಉಳೀತು. ನೀವು ಒಂದು ಬರ್ಕೊಟ್ಟು ಬಿಡ್ರಿ, ಈ ಶೈಕ್ಷಣಿಕ ವರ್ಷ ಮುಗಿಯೋತನ ಮದುವಿ ಆಗಂಗಿಲ್ಲ ಅಂತ. ಸುಮ್ನ, ನಮ್ ಸಮಾಧಾನಕ್ಕ."

ಬಿಳಿ ಎ4 ಹಾಳಿ ಕೊಟ್ರು, ಪೆನ್ನೂ ಅವ್ರೇ ಕೊಟ್ರು. ನಾನು ಬರ್ದೆ. ಹತ್ತು ನಿಮಿಷದ ಹಿಂದ ಬೋರ್ಡ್ ಮ್ಯಾಲ 14ನೇ ವಿಧಿ ಬರ್ದ ಕೈನ ಇದನ್ನೂ ಬರೀತು, ಬೆರಳಿಗೆ ಚಾಕ್‌ಪೀಸಿನ ಪುಡಿ ಹಂಗ ಇತ್ತು, ಹಾಳಿ ಮ್ಯಾಲ ಬೆರಳಿನ ಗುರ್ತು ಮೂಡಿತ್ತು. ನನ್ನ ಜೊತಿಗೆ ಇಂಟರ್ವ್ಯೂಗೆ ಬಂದ ಹುಡುಗನ್ನೂ ತಗೊಂಡ್ರು, ಇತಿಹಾಸಕ್ಕ. ಅವನಿಗೂ ಮದುವಿ ನೋಡಾಕತ್ತಿದ್ರು, ಅವನ್ನ ಯಾರೂ ಏನೂ ಕೇಳ್ಲಿಲ್ಲ. ಬಸ್‌ಸ್ಟ್ಯಾಂಡಿನಾಗ ಇಬ್ರೂ ಒಗ್ಗಾಣಿ ಮಿರ್ಚಿ ತಿನ್ನುವಾಗ ಅವನ ಹೇಳಿದ, "ನನ್ನ ಕೇಳ್ಲಿಲ್ಲಲ್ಲ, ಯಾಕ?" ಅಂತ. ಪಾಪ, ಅವನಿಗೆ ಖರೇನ ಗೊತ್ತಾಗಿರ್ಲಿಲ್ಲ.

ಸರಿ, ಮುತ್ತಮ್ಮಗ ಬರ್ತೀನಿ. ಅವ್ರ ಮೊದಲ ಪೋಸ್ಟಿಂಗ್ ಪ್ಯಾರಿಸ್. ಆಮೇಲೆ ರಂಗೂನ್, ಲಂಡನ್, ನಡುನಡುವ ದೆಲ್ಲಿಯೊಳಗ ಪಾಕಿಸ್ತಾನ, ಅಮೆರಿಕ ನೋಡ್ಕೊಳ್ಳೋ ವಿಭಾಗ. ಈ ನೌಕರಿ ಬಗ್ಗೆ ನಮ್ಮ ಕಡೆ ಒಂದು ಕಲ್ಪನೆ ಐತಿ, ಸೂಟು ಬೂಟು, ಪಾರ್ಟಿ, ಕೆಂಪು ಕಾರ್ಪೆಟ್ಟು ಅಂತ. ಇರೋದು ಹಂಗಲ್ಲ. ಈಗಿನ ಲೆಕ್ಕ ಹೇಳ್ತೀನಿ, ಯುಪಿಎಸ್‌ಸಿ ಒಳಗ ಐಎಎಸ್, ಐಪಿಎಸ್ ಬರ್ದ ಅದ ಪರೀಕ್ಷೆ, ಪಾಸಾದ್ರ ಮಸೂರಿಯೊಳಗ ಎಲ್ರ ಜೊತಿ ಟ್ರೇನಿಂಗ್, ಆಮೇಲೆ ದೆಲ್ಲಿಯೊಳಗ ಫಾರಿನ್ ಸರ್ವಿಸ್ ಸಂಸ್ಥೆಯೊಳಗ ಬ್ಯಾರೆ ಟ್ರೇನಿಂಗ್, ಅದಕ್ಕ 2020ರಾಗ ವಿದೇಶಾಂಗ ಮಂತ್ರಿ ಆಗಿದ್ದ ಸುಷ್ಮಾ ಸ್ವರಾಜ್ ಹೆಸರಿಟ್ರು (ಅವ್ರು 1999ರಾಗ ನಮ್ಮ ಬಳ್ಳಾರಿಗೆ ಬಂದು ಸೋನಿಯಾ ಗಾಂಧಿ ಎದುರು ಎಲೆಕ್ಷನ್ ನಿಂತು, ಕನ್ನಡದಾಗ ಭಾಷಣ ಮಾಡಿ ಸೋತು ಹೋದವ್ರು, ನಮ್ ದೊಡ್ಡಪ್ಪ ಇವತ್ತಿಗೂ ಆ ಭಾಷಣ ಅಣಕಿಸಿ ತೋರಿಸ್ತಾನ). ಆಮೇಲೆ ಒಂದು ಹೊರದೇಶದ ಭಾಷೆ ಕಡ್ಡಾಯ. ಚೀನಿನೋ ಅರಬ್ಬಿನೋ ರಷ್ಯನ್ನೋ, ಅದನ್ನ ಕಲಿಯಾಕ ಅದ ಭಾಷೆಯ ಊರಿಗೆ ಥರ್ಡ್ ಸೆಕ್ರೆಟರಿ ಅಂತ ಕಳಿಸ್ತಾರ, ಭಾಷೆ ಪರೀಕ್ಷೆ ಪಾಸಾದ ಮ್ಯಾಲನ ನೌಕರಿ ಕಾಯಂ. ಥರ್ಡ್, ಸೆಕೆಂಡ್, ಫಸ್ಟ್ ಸೆಕ್ರೆಟರಿ, ಕೌನ್ಸೆಲರ್, ಮಿನಿಸ್ಟರ್, ಆಮೇಲೆ ಅಂಬಾಸಿಡರ್. ಈ ಮಿನಿಸ್ಟರ್ ಅಂದ್ರ ಮಂತ್ರಿ ಅಲ್ಲ ಮತ್ತ, ಅದೊಂದು ದರ್ಜೆ. ಸುಮಾರು ಮೂರು ವರ್ಷಕ್ಕೊಮ್ಮೆ ಗಂಟುಮೂಟೆ ಕಟ್ಟೋದು, ಮಕ್ಕಳ ಶಾಲಿ ಬದಲಿ, ಅಡುಗಿಮನಿ ಬದಲಿ. ಮಾಡೋ ಕೆಲಸ ಅಂದ್ರ ಹೆಚ್ಚಿನ ಹೊತ್ತು ಕುಂತು ಬರೆಯೋದು. ಆ ದೇಶದಾಗ ಏನ್ ನಡದೈತಿ, ಯಾರ ಕೈ ಮ್ಯಾಲ ಐತಿ, ನಮಗ ಏನ್ ಲಾಭ ಏನ್ ಲುಕ್ಸಾನ ಅಂತ ದೆಲ್ಲಿಗೆ ರಿಪೋರ್ಟ್ ಬರೆಯೋದು. ಪಾಸ್‌ಪೋರ್ಟ್ ಕಳ್ಕೊಂಡವ್ರು, ಪಗಾರ ಸಿಗದ ಕೂಲಿ ಮಂದಿ, ಸತ್ತವರ ದೇಹ ಊರಿಗೆ ಕಳಿಸೋದು, ಇದೂ ಅವ್ರದ ಕೆಲಸ. ನಮ್ಮ ಕಡೆಯವ್ರು ಗಲ್ಫಿನಾಗ ಭಾಳ ಮಂದಿ ಅದಾರ, ಅವ್ರಿಗೆ ರಾಯಭಾರ ಕಚೇರಿ ಅಂದ್ರ ಇದ ಕೆಲಸದ ಕೌಂಟರು, ಕೆಂಪು ಕಾರ್ಪೆಟ್ ಅಲ್ಲ.

ರಾಯಭಾರಿ ಅನ್ನೋನು ಕೊನಿಗೆ ಒಂದು ಕಾಗದದ ಮ್ಯಾಲ ನಿಂತಿರ್ತಾನ. ನಮ್ಮ ರಾಷ್ಟ್ರಪತಿ ಸೈ ಮಾಡಿದ ಪತ್ರ ಒಯ್ದು ಆ ದೇಶದ ಮುಖ್ಯಸ್ಥರ ಕೈಗೆ ಕೊಟ್ಟ ಮ್ಯಾಲನ ಅವ್ರು ಪೂರ್ತಿ ರಾಯಭಾರಿ. ಇದನ್ನ ಹುಡುಗ್ರಿಗೆ ತಿಳಿಸ್ಲಿಕ್ಕೆ ನಾನು ಯಾವತ್ತೂ ಹಂಪಿ ಕಥಿ ಹೇಳ್ತೀನಿ, ಆನೆಗೊಂದಿ ದಾಟಿದ್ರ ಹೊಳಿ ಆಚಿಗೆ ನಡದದ್ದು. 1443ರಾಗ ಹೆರಾತಿನ ಶಾರುಖ್ ಅನ್ನೋ ದೊರಿ ಕಡೆಯಿಂದ ಅಬ್ದುರ್ ರಜಾಕ್ ಅನ್ನೋ ರಾಯಭಾರಿ ವಿಜಯನಗರಕ್ಕ ಬಂದ, ಎರಡನೇ ದೇವರಾಯನ ಕಾಲ. ಅವನಿಗೆ ದಿನಾ ಎರಡು ಕುರಿ, ನಾಲ್ಕು ಜೋಡಿ ಕೋಳಿ, ಐದು ಮಣ ಅಕ್ಕಿ, ಒಂದು ಮಣ ಬೆಣ್ಣಿ, ಒಂದು ಮಣ ಸಕ್ಕರಿ, ಮ್ಯಾಲ ಎರಡು ವರಹ ಅರಮನಿಯಿಂದ ಹೋಗ್ತಿತ್ತು, ಅವನ ಬರ್ಕೊಂಡಾನ. ಆಮೇಲೆ ಹೋರ್ಮುಜ್‌ನ ವ್ಯಾಪಾರಿಗಳು, ಇವನು ರಾಯಭಾರಿನೇ ಅಲ್ಲ, ನಮ್ಮಂಗ ವ್ಯಾಪಾರಿ, ಸುಳ್ಳು ಪತ್ರ ತಂದಾನ ಅಂತ ಗುಲ್ಲು ಎಬ್ಬಿಸಿದ್ರು. ಕುರಿನೂ ನಿಂತ್ವು ಕೋಳಿನೂ ನಿಂತ್ವು. ಕಾಗದದ ಮ್ಯಾಲ ನಂಬಿಕಿ ಹೋದ್ರ ಅಷ್ಟ. ಗಂಗಾವತಿಯೊಳಗ ಅಕ್ಕಿ ಲೆಕ್ಕ ಹೇಳಿದ್ರ ಎಲ್ರಿಗೂ ಜಲ್ದಿ ತಿಳೀತದ, ಐದು ಮಣ ಅಂದ್ರ ಎಷ್ಟು ಪಾಕೀಟು ಮೇಡಂ ಅಂತ ಕೇಳೇ ಕೇಳ್ತಾರ.

1970ರಾಗ ಮುತ್ತಮ್ಮ ಅಂಥ ಪತ್ರ ಹಿಡ್ಕೊಂಡು ಬುಡಾಪೆಸ್ಟಿಗೆ ಹೋದ್ರು. ಸೇರಿ 21 ವರ್ಷ ಆಗಿತ್ತು. ಆಮೇಲೆ ಘಾನಾ (ಅದು ಕಾಮನ್‌ವೆಲ್ತ್ ದೇಶ, ಹಂಗಾಗಿ ಅಲ್ಲಿ ಅಂಬಾಸಿಡರ್ ಅನ್ನಂಗಿಲ್ಲ, ಹೈ ಕಮಿಷನರ್ ಅಂತಾರ, ಇದೂ ಒಂದು ಮಾರ್ಕ್ಸಿನ ಪ್ರಶ್ನೆ, ಬರ್ಕೋರಿ), ಕೊನಿಗೆ ನೆದರ್‌ಲ್ಯಾಂಡ್ಸ್‌ನ ಹೇಗ್.

ಹೇಗ್‌ಗೆ ಹೋಗೋ ಮುಂಚೆ, ಇಷ್ಟು ವರ್ಷ ದುಡದ ಮ್ಯಾಲನೂ, ಅವ್ರಿಗೆ ಗ್ರೇಡ್ ಒನ್ (ಆ ಸೇವೆಯ ಮ್ಯಾಲಿನ ದರ್ಜೆ) ಪ್ರಮೋಷನ್ ಕೊಡ್ಲಿಲ್ಲ. ಅರ್ಹತೆ ಸಾಲದು ಅಂದ್ರು. ಅವ್ರಕಿಂತ ಜೂನಿಯರ್ ಮಂದಿಗೆ ಕೊಟ್ರು. ಅಲ್ಲಿತನಕ ಹಲ್ಲು ಕಚ್ಕೊಂಡು ಕೆಲಸ ಮಾಡಿದ ಹೆಣ್ಮಗಳು ಆವಾಗ ಸೀದಾ ಸುಪ್ರೀಂ ಕೋರ್ಟಿಗೆ ಹೋದ್ರು, ಭಾರತ ಸರ್ಕಾರದ ಮ್ಯಾಲನ. ಸೇವೆಯೊಳಗ ಇದ್ಕೊಂಡು, ತನ್ನ ಸರ್ಕಾರದ ವಿರುದ್ಧ ಕೇಸ್ ಹಾಕೋದು ಅಂದ್ರ ಸಣ್ಣ ಮಾತಲ್ರಿ. ನಾವು ಎಂಟು ಸಾವಿರ ಪಗಾರಕ್ಕ ಬಾಯಿ ಮುಚ್ಕೊಂಡು ಕುಂತವ್ರು.

ಕೇಸಿನಾಗ ಎರಡು ರೂಲು ಹೊರಗ ಬಂದ್ವು. ಎರಡೂ 1961ರವು, ಅಂದ್ರ ಸಂವಿಧಾನ ಬಂದು ಹನ್ನೊಂದು ವರ್ಷ ಆದ ಮ್ಯಾಲ ಕುಂತು ಬರ್ದದ್ದು, ಬ್ರಿಟಿಷರು ಬಿಟ್ಟು ಹೋಗಿದ್ದು ಅಂತ ಅವ್ರ ಮ್ಯಾಲ ಹಾಕಾಕ ಬರಂಗಿಲ್ಲ. ಒಂದು ನಡತೆ ನಿಯಮದ 8(2): ಈ ಸೇವೆಯೊಳಗಿನ ಹೆಣ್ಮಗಳು ಮದುವಿಗೆ ಮೊದ್ಲು ಸರ್ಕಾರದ ಲಿಖಿತ ಅನುಮತಿ ತಗೋಬೇಕು, ಮದುವಿ ಆದ ಮ್ಯಾಲ ಮನಿ ಸಂಸಾರದ ಜವಾಬ್ದಾರಿ ಕೆಲಸಕ್ಕ ಅಡ್ಡ ಬರ್ತದ ಅಂತ ಸರ್ಕಾರಕ್ಕ ಅನಿಸಿದ್ರ ಯಾವಾಗ ಬೇಕಾದ್ರೂ ರಾಜೀನಾಮೆ ಕೇಳಬಹುದು. ಇನ್ನೊಂದು ನೇಮಕಾತಿ ನಿಯಮದ 18(4): ಮದುವಿಯಾದ ಹೆಣ್ಮಗಳಿಗೆ ಈ ಸೇವೆಗೆ ಸೇರೋದು ಹಕ್ಕು ಅಲ್ಲ. ಗಂಡಸರಿಗೆ ಇಂಥಾದ್ದು ಒಂದೂ ಇಲ್ಲ.

ತೀರ್ಪು 1979ರ ಸೆಪ್ಟೆಂಬರ್‌ದಾಗ ಬಂತು, ಬರ್ದದ್ದು ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್. ನಾನು ಇದನ್ನ ಓದಿದ್ದು ಬಳ್ಳಾರಿಯಿಂದ ಊರಿಗೆ ಬರೋ ಬಸ್ಸಿನಾಗ, ಫೋನಿನಾಗ, ಭಾಳ ದೊಡ್ಡದೇನ್ ಇಲ್ಲ, ಕಂಪ್ಲಿ ಬರೋದ್ರಾಗ ಮುಗೀತು. ಶುರುನ ಹಿಂಗ, ಈ ಅರ್ಜಿ ನೋಡಿದ್ರ 14 ಮತ್ತ 16ನೇ ವಿಧಿ ಪುರಾಣನೋ ವಾಸ್ತವನೋ ಅಂತ ಅನುಮಾನ ಬರ್ತದ ಅಂತ. ಮುಂದ ಒಂದು ಸಾದಾ ಪ್ರಶ್ನೆ ಕೇಳ್ತಾರ: ಸಂಸಾರ ಕೆಲಸಕ್ಕ ಅಡ್ಡ ಬರ್ತದ ಅನ್ನೋದಾದ್ರ ಗಂಡಸಿಗೂ ಬರಬಹುದಲ್ಲ? ನನಗ ಆ ಹೊತ್ತಿಗೆ ಇತಿಹಾಸದ ಹುಡುಗ, ಅವನ ಕೈಯಾಗಿದ್ದ ಮಿರ್ಚಿ, "ನನ್ನ ಕೇಳ್ಲಿಲ್ಲಲ್ಲ" ಅಂದದ್ದು, ಎಲ್ಲಾ ಒಮ್ಮೆಲೆ ಕಣ್ಮುಂದ ಬಂತು. ಕಂಡಕ್ಟರ್ ಚಿಲ್ಲರ ಕೊಡಾಕ ಬಂದಾಗ ಎರಡು ಸಲ ಕೂಗಿದ್ನಂತ, ಕೇಳಿಸಿರ್ಲಿಲ್ಲ.

ಈಗ ನಿಜವಾದ ಮಜಾ. ಕೇಸ್ ಗೆದ್ರೋ ಸೋತ್ರೋ? ಕಾಗದದ ಮ್ಯಾಲ ನೋಡಿದ್ರ ಅರ್ಜಿ ವಜಾ. ಯಾಕಂದ್ರ ಕೇಸ್ ನಡದಾಗನ ಸರ್ಕಾರ ಸದ್ದಿಲ್ಲದ ಪ್ರಮೋಷನ್ ಕೊಟ್ಟು ಹೇಗ್‌ಗೆ ಹಾಕಿತ್ತು. ಕೆಲವೇ ತಿಂಗಳ ಹಿಂದ ಇರದ ಅರ್ಹತೆ ಕೇಸ್ ಹಾಕಿದ ಮ್ಯಾಲ ಎಲ್ಲಿಂದ ಬಂತೋ ಏನೋ. 18(4) ಮೊದಲ ತೆಗದೀವಿ, 8(2)ನೂ ತೆಗ್ಯಾಕತ್ತೀವಿ ಅಂತ ಸರ್ಕಾರದ ವಕೀಲರು ಹೇಳಿದ್ರು. ಹಂಗಾಗಿ ಕೋರ್ಟು, ಅರ್ಜಿ ವಜಾ ಮಾಡ್ತೀವಿ ಆದ್ರ ಸಮಸ್ಯೆನ ವಜಾ ಮಾಡಂಗಿಲ್ಲ ಅಂತ ಬರೀತು. ನಡುವ ಕಳ್ಕೊಂಡ ತಿಂಗಳುಗಳ ಸೀನಿಯಾರಿಟಿ ಹೊಳ್ಳಿ ನೋಡ್ರಿ ಅಂತ ಸರ್ಕಾರಕ್ಕ ಹೇಳ್ತು, ಉಳಿದ ಸೇವಾ ನಿಯಮಗಳನ್ನೂ ಯಾರರ ಕೇಸ್ ಹಾಕೋತನ ಕಾಯಬ್ಯಾಡ್ರಿ, ನೀವ ಸರಿ ಮಾಡ್ರಿ ಅಂತನೂ ಹೇಳ್ತು. ಮಾಳಿಗಿ ಮ್ಯಾಲ ಇದನ್ನ ಹೇಳಿದಾಗ ಒಬ್ಬಾಕಿ ಕೇಳಿದ್ಲು, "ಮಿಸ್, ಪರೀಕ್ಷೆದಾಗ ಬಂದ್ರ ಗೆದ್ರು ಅಂತ ಟಿಕ್ ಹಾಕ್ಬೇಕೋ ಸೋತ್ರು ಅಂತೋ?" ನೆಗೆಟಿವ್ ಮಾರ್ಕಿಂಗ್ ಐತಿ, ಬಿಟ್ಟು ಬಿಡು ಅಂದೆ. ಮತ್ತೇನ್ ಹೇಳ್ಲಿ.

ಒಂದು ಮಾತು ಭಾಳ ಮಂದಿ ಗಮನಿಸಂಗಿಲ್ಲ. ಆ ರೂಲು ಹೋಗೋ ಹೊತ್ತಿಗೆ ಮುತ್ತಮ್ಮಗ 55 ವರ್ಷ. ಅವ್ರು ಮದುವಿ ಆಗ್ಲೇ ಇಲ್ಲ. ಆಗ್ಬೇಕಂತ ಇತ್ತೋ ಇಲ್ಲೋ ಅದು ಅವ್ರ ಸ್ವಂತ ವಿಷಯ, ನಾವು ಕಥಿ ಕಟ್ಟೋದು ಬ್ಯಾಡ. ಆದ್ರ ಅದರ ಲಾಭ ಸಿಕ್ಕಿದ್ದು ಅವ್ರ ಹಿಂದ ಬಂದವ್ರಿಗೆ. ಬೆಂಗಳೂರಿನ ಮೌಂಟ್ ಕಾರ್ಮೆಲ್ ಕಾಲೇಜಿನಾಗ ಓದಿದ ನಿರುಪಮಾ ರಾವ್ 1973ರ ಬ್ಯಾಚು, ಅವ್ರು ಪರೀಕ್ಷೆ ಬರೆಯೋವಾಗ 8(2) ಇನ್ನೂ ಪುಸ್ತಕದಾಗ ಜೀವಂತ ಇತ್ತು. ಅವ್ರ ಯಜಮಾನ್ರು ಸುಧಾಕರ್ ರಾವ್ ನಮ್ಮ ಕರ್ನಾಟಕದ ಚೀಫ್ ಸೆಕ್ರೆಟರಿ ಆದವ್ರು. ನಿರುಪಮಾ ಚೀನಾಕ್ಕ ರಾಯಭಾರಿ, 2009ಕ್ಕ ಫಾರಿನ್ ಸೆಕ್ರೆಟರಿ (ವಿದೇಶಾಂಗ ಇಲಾಖೆಯ ಎಲ್ಲಾರ್ಕಿಂತ ದೊಡ್ಡ ಅಧಿಕಾರಿ), ಆಮೇಲೆ ಅಮೆರಿಕಕ್ಕ ರಾಯಭಾರಿ. ಅದಕ್ಕೂ ಮೊದ್ಲು 2001ರಾಗ ಚೋಕಿಲಾ ಅಯ್ಯರ್ ಮೊದಲ ಮಹಿಳಾ ಫಾರಿನ್ ಸೆಕ್ರೆಟರಿ ಆಗಿದ್ರು. ಸಂಸಾರ ಎಲ್ಲಿ ಅಡ್ಡ ಬಂತು ತೋರಿಸ್ರಿ ನೋಡೋಣ.

ಮುತ್ತಮ್ಮ 1982ರಾಗ ರಿಟೈರ್ ಆದ್ರು. ಸ್ವೀಡನ್ನಿನ ಪ್ರಧಾನಿ ಆಗಿದ್ದ ಓಲೋಫ್ ಪಾಲ್ಮೆ ಕಟ್ಟಿದ ನಿಶ್ಶಸ್ತ್ರೀಕರಣ (ಯುದ್ಧದ ಆಯುಧ ಕಡಿಮಿ ಮಾಡೋ) ಆಯೋಗದಾಗ ಭಾರತದಿಂದ ಸದಸ್ಯರಾಗಿದ್ರು. ಅಧಿಕಾರಶಾಹಿ ಬಗ್ಗೆ ಖಾರವಾಗಿ ಬರ್ದ್ರು, ಕೊಡವ ಅಡುಗಿ ಮ್ಯಾಲನೂ ಒಂದು ಪುಸ್ತಕ ಬರ್ದಾರ, ಅದು ನನಗ ಭಾಳ ಸೇರ್ತು, ಕೋರ್ಟಿಗೆ ಹೋದಾಕಿ ಒಲಿ ಮುಂದೂ ಕುಂತಾಳ ಅಂತ. 2009ರ ಅಕ್ಟೋಬರ್ 14ಕ್ಕ ಬೆಂಗಳೂರಿನಾಗ ತೀರ್ಕೊಂಡ್ರು, 85 ವರ್ಷ. ನಾನು ಆವಾಗ ಹೈಸ್ಕೂಲು, ಪೇಪರ್‌ದಾಗ ಬಂದಿತ್ತೇನೋ, ನಾನಂತೂ ನೋಡಿಲ್ಲ.

ಇನ್ನ ನನ್ನ ಹಾಳಿ ಏನಾತು ಅಂತ ಕೇಳ್ತೀರಿ. ಆ ವರ್ಷ ಮದುವಿನೂ ಆಗ್ಲಿಲ್ಲ, ಪೋರ್ಷನ್ನೂ ಮುಗಿಸಿಕೊಟ್ಟೆ. ಇತಿಹಾಸದ ಹುಡುಗ ಡಿಸೆಂಬರ್‌ದಾಗ ಲಗ್ನ ಮಾಡ್ಕೊಂಡು, ಹದಿನೈದು ದಿನ ರಜೆ ಹಾಕಿದ, ಅವನ ಕ್ಲಾಸು ನಾನ ತಗೊಂಡೆ. ತಪ್ಪು ಅವಂದೇನಿಲ್ಲ, ಲಗ್ನದ ಊಟ ಚೊಲೋ ಇತ್ತು. ಏಪ್ರಿಲ್‌ದಾಗ ಬಿಡೋವಾಗ ಮಾರ್ಕ್ಸ್‌ಕಾರ್ಡ್ ಒರಿಜಿನಲ್ ತಗೊಳ್ಳಾಕ ಆಫೀಸಿಗೆ ಹೋದೆ, ನಾನು ಬರ್ಕೊಟ್ಟ ಹಾಳಿನೂ ಕೊಡ್ರಿ ಅಂದೆ. ಕ್ಲರ್ಕ್ ಅಣ್ಣಗ ಯಾವ ಹಾಳಿ ಅಂತ ತಿಳೀಲೇ ಇಲ್ಲ. ಎರಡು ಫೈಲ್ ತಗದ, ಟೇಬಲ್ ಖಾನೆ ಎಳದ, ರಬ್ಬರ್ ಬ್ಯಾಂಡು, ಸ್ಟಾಂಪ್ ಪ್ಯಾಡು, ಯಾರದೋ ಲಗ್ನಪತ್ರಿಕೆ, ಅದರ ಕೆಳಗ ಸಿಕ್ತು. ಚಾಕ್‌ಪೀಸಿನ ಗುರ್ತು ಹೋಗಿತ್ತು, ನನ್ನ ಸೈ ಹಂಗ ಇತ್ತು. ಹೊಳ್ಳಿಸಿ ನೋಡಿದ್ರ ಹಿಂದ ಯಾರೋ ಆಫೀಸಿಗೆ ಬರೋ ಹಾಲಿನ ಲೆಕ್ಕ ಬರ್ದಿದ್ರು, ಜೂನ್‌ದಿಂದ ಆಗಸ್ಟ್ ತನ, ಒಂದೊಂದು ಲೀಟರು, ಭಾನುವಾರ ಗೆರಿ.

"ಇದು ಬೇಕೇನ್ರಿ ಮೇಡಂ?" ಅಂದ. "ತಡೀರಿ, ಲೆಕ್ಕ ಒಂದು ಫೋಟೋ ಹೊಡ್ಕೋತೀನಿ, ಹಾಲಿನವನು ಇನ್ನೂ ಬಾಕಿ ಕೇಳಾಕತ್ತಾನ."